ತಪ್ಪು ಸಾಬೀತಾಯಿತು, ಶಿಕ್ಷೆ ಎಷ್ಟು?

ನೌಕರನ ಮೇಲಿನ ಆರೋಪ ಇಲಾಖಾ ವಿಚಾರಣೆಯಲ್ಲಿ ಸಾಬೀತಾದ ಮಾತ್ರಕ್ಕೆ ಶಿಸ್ತು ಪ್ರಾಧಿಕಾರಿಯ, ಅಂದರೆ ದಂಡನೆ ವಿಧಿಸುವ ಅಧಿಕಾರವುಳ್ಳವರ, ಹೊಣೆ ಮುಗಿಯುವುದಿಲ್ಲ. ಆ ತಪ್ಪಿಗೆ ಎಷ್ಟು ಶಿಕ್ಷೆ ಎಂಬುದನ್ನು ಬೇರೆಯಾಗಿಯೇ ತೂಗಿ ನೋಡಬೇಕಾಗುತ್ತದೆ. ಕರ್ನಾಟಕದ ಸರ್ಕಾರಿ ನೌಕರರಿಗೆ ಅನ್ವಯಿಸುವ 1957ರ ವರ್ಗೀಕರಣ, ನಿಯಂತ್ರಣ ಮತ್ತು ಮೇಲ್ಮನವಿ ನಿಯಮಗಳಲ್ಲಿ ವಾಗ್ದಂಡನೆ, ವೇತನ ಬಡ್ತಿ ತಡೆಯಂಥ ಲಘು ದಂಡನೆಗಳಿಂದ ಹಿಡಿದು ಕಡ್ಡಾಯ ನಿವೃತ್ತಿ, ಸೇವೆಯಿಂದ ತೆಗೆದುಹಾಕುವುದು ಮತ್ತು ವಜಾದವರೆಗೆ ಹಲವು ಹಂತಗಳಿವೆಯಾದರೂ, ಯಾವ ತಪ್ಪಿಗೆ ಯಾವ ಹಂತ ಎಂಬುದನ್ನು ಬಹುಮಟ್ಟಿಗೆ ಅಧಿಕಾರಿಯ ವಿವೇಚನೆಗೇ ಬಿಡಲಾಗಿದೆ. ಈ ವಿವೇಚನೆಗೆ ನ್ಯಾಯಾಲಯಗಳು ಹಾಕಿರುವ ಕಡಿವಾಣವೇ ಪ್ರಮಾಣಾನುಗುಣತೆಯ ತತ್ತ್ವ: ಶಿಕ್ಷೆಯು ತಪ್ಪಿನ ಗಾತ್ರವನ್ನು ಮೀರಬಾರದು, ಮೀರಿದರೆ ಅದು ಸಂವಿಧಾನದ 14ನೇ ವಿಧಿ ನೀಡುವ ಸಮಾನತೆಯ ಭರವಸೆಗೆ ವಿರುದ್ಧವಾಗುತ್ತದೆ.

ತತ್ತ್ವಕ್ಕೆ ಸ್ಪಷ್ಟ ರೂಪ ಕೊಟ್ಟ ತೀರ್ಪುಗಳಲ್ಲಿ ಸುಪ್ರೀಂ ಕೋರ್ಟಿನ 1987ರ ತೀರ್ಪು ಮುಖ್ಯವಾದುದು. ತನ್ನ ಮೇಲಧಿಕಾರಿಯ ವಿರುದ್ಧ ನೇರವಾಗಿ ಉನ್ನತಾಧಿಕಾರಿಗಳಿಗೆ ದೂರು ಕಳಿಸಿದ್ದಕ್ಕಾಗಿ 28 ದಿನಗಳ ಕಠಿಣ ಸಜೆಯಲ್ಲಿದ್ದ ಸೇನೆಯ ಸಿಗ್ನಲ್‌ಮನ್ ಒಬ್ಬನು, ಊಟ ಮಾಡಬೇಕೆಂಬ ಆಜ್ಞೆಯನ್ನು ಪಾಲಿಸಲಿಲ್ಲವೆಂಬ ಆರೋಪದ ಮೇಲೆ ಸೇನಾ ನ್ಯಾಯಾಲಯದಿಂದ ಒಂದು ವರ್ಷದ ಸೆರೆವಾಸಕ್ಕೂ ವಜಾಕ್ಕೂ ಗುರಿಯಾದನು. ಯಾರ ವಿರುದ್ಧ ದೂರು ಹೋಗಿತ್ತೋ ಆ ಅಧಿಕಾರಿಯೇ ಆ ನ್ಯಾಯಾಲಯದಲ್ಲಿ ಕುಳಿತಿದ್ದರು. ಕರ್ನಾಟಕದವರಾದ ನ್ಯಾಯಮೂರ್ತಿ ಎಂ.ಎನ್. ವೆಂಕಟಾಚಲಯ್ಯನವರು ಬರೆದ ತೀರ್ಪು, ಪಕ್ಷಪಾತದ ಕಾರಣಕ್ಕೂ ಶಿಕ್ಷೆಯ ಅತಿರೇಕದ ಕಾರಣಕ್ಕೂ ಆ ಆದೇಶವನ್ನು ತಳ್ಳಿಹಾಕಿತು. ಶಿಕ್ಷೆಯು ಆತ್ಮಸಾಕ್ಷಿಯನ್ನೇ ಬೆಚ್ಚಿಬೀಳಿಸುವಷ್ಟು ವಿಪರೀತವಾಗಿರಬಾರದೆಂಬ ಅಂದಿನ ಅಳತೆಗೋಲನ್ನು 1995ರಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠವೂ ಒಪ್ಪಿತು. ಆದರೆ ಅಷ್ಟು ವಿಪರೀತವಲ್ಲದ ಶಿಕ್ಷೆಯ ವಿಷಯದಲ್ಲಿ ನ್ಯಾಯಾಲಯ ಕೈಹಾಕಬಾರದೆಂದೂ ಹೇಳಿತು.

ಆತ್ಮಸಾಕ್ಷಿ ಎಂಬುದು ಸಡಿಲವಾದ ಅಳತೆ ಎಂಬ ಟೀಕೆಯಲ್ಲಿ ಹುರುಳಿದೆ. ಕೆಲಸದ ವೇಳೆಯಲ್ಲಿ ನಿದ್ದೆಹೋದ ಎರಡು ಪ್ರಕರಣಗಳನ್ನೇ ನೋಡಬಹುದು. ಮಹಾರಾಷ್ಟ್ರದ ರಾಸಾಯನಿಕ ಕಾರ್ಖಾನೆಯೊಂದರ ರಾತ್ರಿ ಪಾಳಿಯಲ್ಲಿ ಸಿಕ್ಕಿಬಿದ್ದ ಇಬ್ಬರು ಕಾರ್ಮಿಕರ ವಜಾ ಅತಿಯಾಯಿತೆಂದು ಸುಪ್ರೀಂ ಕೋರ್ಟ್ ತೀರ್ಮಾನಿಸಿತು, ಏಕೆಂದರೆ ಅದೇ ಪಾಳಿಯಲ್ಲಿ ಮಲಗಿದ್ದ ಇತರರು ಅಲ್ಪ ಶಿಕ್ಷೆಯಲ್ಲಿ ಪಾರಾಗಿದ್ದರು. ಅದೇ ರಾಜ್ಯದ ಮತ್ತೊಂದು ಕಾರ್ಖಾನೆಯಲ್ಲಿ, 1983ರ ಆಗಸ್ಟ್‌ನಲ್ಲಿ, ಬೆಳಿಗ್ಗೆ 11.40ಕ್ಕೆ ಕಬ್ಬಿಣದ ಹಲಗೆಯ ಮೇಲೆ ಗಾಢ ನಿದ್ದೆಯಲ್ಲಿದ್ದವನ ವಜಾವನ್ನು 2005ರಲ್ಲಿ ಅದೇ ನ್ಯಾಯಾಲಯ ಎತ್ತಿಹಿಡಿಯಿತು. ಅವನು ಅದಕ್ಕೆ ಮೊದಲೇ ಮೂರು ಬಾರಿ ತಪ್ಪಿತಸ್ಥನಾಗಿದ್ದನು. ಹೀಗಾಗಿ ತೂಗಬೇಕಾದದ್ದು ನಿದ್ದೆಯನ್ನಷ್ಟೇ ಅಲ್ಲ, ನಿದ್ದೆಯ ಸುತ್ತಲಿನ ಸಂಗತಿಗಳನ್ನೂ.

ಹಣದ ಮೊತ್ತ ಚಿಕ್ಕದಿದ್ದರೆ ತಪ್ಪೂ ಚಿಕ್ಕದೆಂಬ ವಾದವಂತೂ ನಿಲ್ಲುವುದಿಲ್ಲ. ಕರ್ನಾಟಕ ರಾಜ್ಯ ರಸ್ತೆ ಸಾರಿಗೆ ನಿಗಮದ ಕಂಡಕ್ಟರ್ ಒಬ್ಬರು ಸುಮಾರು 35 ಪ್ರಯಾಣಿಕರ ಟಿಕೆಟ್ ದರದಲ್ಲಿ ಅವ್ಯವಹಾರ ಮಾಡಿದ ಪ್ರಕರಣದಲ್ಲಿ, ಕಂಡಕ್ಟರ್ ನಂಬಿಕೆಯ ಸ್ಥಾನದಲ್ಲಿರುವವನೆಂದೂ ಇಂಥವರ ಬಗ್ಗೆ ಕಾರ್ಮಿಕ ನ್ಯಾಯಾಲಯಗಳು ತೋರುವ ಅನುಕಂಪ ತಪ್ಪು ಜಾಗದಲ್ಲಿ ಬಿದ್ದ ಅನುಕಂಪವೆಂದೂ ಸುಪ್ರೀಂ ಕೋರ್ಟ್ 2001ರಲ್ಲಿ ಹೇಳಿತು. ಪೈಸೆಗಳ ಲೆಕ್ಕ ಹಿಡಿದವರಿಗೆ ಇದು ಕಠೋರವೆನಿಸಬಹುದು. ದಿನವಿಡೀ ಯಾರ ಕಣ್ಗಾವಲೂ ಇಲ್ಲದೆ ಹಣ ಪಡೆಯುವವನ ಕೆಲಸ ನಿಂತಿರುವುದೇ ವಿಶ್ವಾಸದ ಮೇಲೆ ಎಂಬುದನ್ನು ನೆನೆದರೆ ಕಠೋರತೆಗೆ ಅರ್ಥ ಸಿಗುತ್ತದೆ.

ಹಿಂದಿನ ಸೇವಾ ದಾಖಲೆ ಶಿಕ್ಷೆಯನ್ನು ಹೆಚ್ಚಿಸಬಲ್ಲದು, ಆದರೆ ಗುಟ್ಟಾಗಿ ಅಲ್ಲ. ಆಗಿನ ಮೈಸೂರು ರಾಜ್ಯದ ಪ್ರಕರಣವೊಂದರಲ್ಲಿ ವಿಚಾರಣಾಧಿಕಾರಿ ಹಿಂಬಡ್ತಿಯನ್ನು ಶಿಫಾರಸು ಮಾಡಿದ್ದರೂ, ಸರ್ಕಾರ ನೌಕರನ ಹಳೆಯ ದಾಖಲೆಯನ್ನೂ ಲೆಕ್ಕಕ್ಕೆ ತೆಗೆದುಕೊಂಡು ವಜಾ ಮಾಡಿತು. ಆ ದಾಖಲೆಯ ಮಾತು ಕಾರಣ ಕೇಳುವ ನೋಟಿಸಿನಲ್ಲಿ ಇರಲೇ ಇಲ್ಲ. ಉತ್ತರ ಹೇಳಲು ಅವಕಾಶ ಕೊಡದ ವಿಷಯವನ್ನು ಶಿಕ್ಷೆಗೆ ಆಧಾರ ಮಾಡಿಕೊಳ್ಳುವುದು ಸಲ್ಲದೆಂದು ಸುಪ್ರೀಂ ಕೋರ್ಟ್ 1963ರಲ್ಲಿ ತೀರ್ಪಿತ್ತಿತು. ಇಂದಿಗೂ ಶಿಸ್ತು ಪ್ರಾಧಿಕಾರಿಗಳ ಅನೇಕ ಆದೇಶಗಳು ಇಂಥ ಶಿಕ್ಷೆಯೇ ಏಕೆ ಎಂಬುದಕ್ಕೆ ಒಂದು ಸಾಲಿನ ಕಾರಣವನ್ನೂ ಕೊಡದಿರುವುದೇ ಅವುಗಳ ದೊಡ್ಡ ದೌರ್ಬಲ್ಯ. ಶಿಕ್ಷೆ ಮಿತಿಮೀರಿದೆಯೆಂದು ಕಂಡಾಗ ನ್ಯಾಯಾಲಯ ಸಾಮಾನ್ಯವಾಗಿ ಪ್ರಕರಣವನ್ನು ಅದೇ ಪ್ರಾಧಿಕಾರಿಗೆ ಮರಳಿಸುತ್ತದೆ. ವ್ಯಾಜ್ಯ ಬಹಳ ಎಳೆದಿದ್ದರೆ ಮಾತ್ರ, ಅದೂ ಅಪರೂಪವಾಗಿ, ತಾನೇ ಲಘು ಶಿಕ್ಷೆಯನ್ನು ಗೊತ್ತುಮಾಡುತ್ತದೆ. ಕೆಲಸ ಮರಳಿ ಸಿಕ್ಕರೂ ಹೊರಗಿದ್ದ ಅವಧಿಯ ಪೂರ್ತಿ ಸಂಬಳ ಸಿಕ್ಕೇ ತೀರುತ್ತದೆಂದು ಯಾರೂ ಎಣಿಸುವಂತಿಲ್ಲ.