ಮಾತಿಲ್ಲದ ಮೃಚ್ಛಕಟಿಕ

ಮುಳಬಾಗಿಲು, ಬೈರಕೂರುಗಳ ಸೀಮೆಯಲ್ಲಿ ಬಯಲಾಟಕ್ಕೆ ‘ಕೇಳಿಕೆ’ ಎಂಬ ಹೆಸರುಂಟು. ಕಂಪನಿ ನಾಟಕಗಳ ಕಾಲದಲ್ಲಿಯೂ ನಮ್ಮ ಪ್ರೇಕ್ಷಕನು ಕಣ್ಣಿಗಿಂತ ಕಿವಿಯನ್ನೇ ಹೆಚ್ಚು ನಂಬಿದ್ದನು. ಮೆಚ್ಚಿದ ಹಾಡಿಗೆ ‘ಒನ್ಸ್ ಮೋರ್’ ಎಂದು ಕೂಗುತ್ತಿದ್ದನು. ಅಂಥ ರಸಿಕರ ಮುಂದೆ ಮಾತೂ ಹಾಡೂ ಇಲ್ಲದ ಶೃಂಗಾರ ನಾಟಕವನ್ನು ತೆರೆಯ ಮೇಲೆ ತೋರಿಸಿದರೆ ಅದರಲ್ಲಿ ಉಳಿಯುವುದೇನು?

ಶೂದ್ರಕನ ಮೃಚ್ಛಕಟಿಕವನ್ನು ಆಧರಿಸಿದ ‘ವಸಂತಸೇನಾ’ ಎಂಬ ಮೂಕಿಚಿತ್ರವು ಈ ಪ್ರಶ್ನೆಯನ್ನು ಎತ್ತುತ್ತದೆ. 1930–31ರ ಸುಮಾರಿನಲ್ಲಿ ಮೋಹನ್ ದಯಾರಾಮ್ ಭವನಾನಿಯವರು ಅದನ್ನು ನಿರ್ದೇಶಿಸಿದರು. 1928ರ ‘ಶಿರಾಜ್’ ಚಿತ್ರದಲ್ಲಿ ನಟಿಸಿದ್ದ ಏಣಾಕ್ಷಿ ರಾಮರಾವ್ ಅವರೂ ಮಂಗಳೂರಿನಲ್ಲಿ ಜನಿಸಿದ ಕಮಲಾದೇವಿ ಚಟ್ಟೋಪಾಧ್ಯಾಯರೂ ಅದರಲ್ಲಿ ಅಭಿನಯಿಸಿದರು. ಸುಶಿಕ್ಷಿತ ಮನೆತನದ ಸ್ತ್ರೀಯರು ನಟನೆಯೆಂದರೆ ಹಿಂಜರಿಯುತ್ತಿದ್ದ ಆ ದಿನಗಳಲ್ಲಿ ಇದು ಸಾಮಾನ್ಯ ಧೈರ್ಯವಲ್ಲ.

ಆಂಗಿಕ, ವಾಚಿಕ, ಆಹಾರ್ಯ, ಸಾತ್ತ್ವಿಕವೆಂದು ಭರತನು ಅಭಿನಯವನ್ನು ನಾಲ್ಕು ಬಗೆಯಾಗಿ ಹೇಳಿದನು. ಇವುಗಳಲ್ಲಿ ವಾಚಿಕವು ಮೂಕಿಚಿತ್ರಕ್ಕೆ ಎಟುಕದು. ದಾರಿದ್ರ್ಯವನ್ನು ಕುರಿತ ಚಾರುದತ್ತನ ಶ್ಲೋಕಗಳಾಗಲಿ, ಪುರಾಣಗಳನ್ನು ತಲೆಕೆಳಗು ಮಾಡುವ ಶಕಾರನ ತೊದಲು ಹರಟೆಯಾಗಲಿ ಅಲ್ಲಿ ದೊರೆಯಲಾರವು. ಈ ನಷ್ಟ ಸಣ್ಣದಲ್ಲ.

ಆದರೆ ಮೃಚ್ಛಕಟಿಕದ ಕಥೆಯನ್ನು ಒಂದು ಗಂಟು ಒಡವೆ ನಡೆಸುತ್ತದೆಯೆಂಬುದನ್ನು ಗಮನಿಸಬೇಕು. ವಸಂತಸೇನೆ ಅದನ್ನು ಚಾರುದತ್ತನ ಮನೆಯಲ್ಲಿ ಇರಿಸುತ್ತಾಳೆ. ಶರ್ವಿಲಕನು ಗೋಡೆಗೆ ಕನ್ನವಿಕ್ಕಿ ಕದಿಯುತ್ತಾನೆ. ಅದು ಮತ್ತೆ ಅವಳ ಕೈ ಸೇರುತ್ತದೆ. ಚಿನ್ನದ ಬಂಡಿಗಾಗಿ ಅಳುವ ರೋಹಸೇನನ ಮಣ್ಣಿನ ಬಂಡಿಯನ್ನು ಅವಳು ತನ್ನ ಒಡವೆಗಳಿಂದ ತುಂಬುತ್ತಾಳೆ. ಕೊನೆಗೆ ಆ ಒಡವೆಗಳೇ ಮೈತ್ರೇಯನ ಕಂಕುಳಿನಿಂದ ನ್ಯಾಯಸಭೆಯಲ್ಲಿ ಜಾರಿಬಿದ್ದು ಚಾರುದತ್ತನನ್ನು ವಧಸ್ಥಾನಕ್ಕೆ ಕಳುಹಿಸುತ್ತವೆ. ಪ್ರೀತಿಯ ಕಾಣಿಕೆ ಕೊಲೆಯ ಸಾಕ್ಷಿಯಾಗುವ ಈ ದಾರುಣ ವ್ಯಂಗ್ಯಕ್ಕೆ ಮಾತು ಬೇಕಿಲ್ಲ, ಕಣ್ಣು ಸಾಕು. ದೃಶ್ಯಕಾವ್ಯವೆಂಬ ಹೆಸರು ಇಲ್ಲಿ ಸಾರ್ಥಕ.

1934ರಲ್ಲಿ ‘ಸತಿ ಸುಲೋಚನಾ’, 1935ರಲ್ಲಿ ರಂಗಭೂಮಿಯ ಜನಪ್ರಿಯ ‘ಸದಾರಮೆ’ ಕನ್ನಡ ವಾಕ್ಚಿತ್ರಗಳಾಗಿ ಬಂದುವು. ಕಿವಿ ತನ್ನ ಪಾಲನ್ನು ಮರಳಿ ಪಡೆಯಿತು. ಮೂಕಿಯ ಆಯುಷ್ಯ ಮುಗಿಯಿತು. ಭಾರತದ ಮೂಕಿಚಿತ್ರಗಳಲ್ಲಿ ಬಹುಪಾಲು ಇಂದು ನಷ್ಟವಾಗಿವೆ. ಆದರೂ ಆ ಕಲೆಯಿಂದ ನಾವು ಕಲಿಯಬಹುದಾದ ಪಾಠ ನಷ್ಟವಾಗಿಲ್ಲ. ತರಗತಿಗಳಲ್ಲಿ ನಾವು ನಾಟಕವನ್ನು ಶ್ಲೋಕಗಳ ಕೋಶವೆಂಬಂತೆ ಓದಿಸುತ್ತೇವೆ. ಒಂದು ಅಂಕವನ್ನಾದರೂ ಮಾತುಗಳನ್ನು ಮರೆತು ಮನಸ್ಸಿನ ತೆರೆಯ ಮೇಲೆ ಕಂಡ ವಿದ್ಯಾರ್ಥಿಗೆ, ಶೂದ್ರಕನು ಆ ಮಣ್ಣಿನ ಬಂಡಿಯ ಹೆಸರನ್ನೇ ತನ್ನ ಕೃತಿಗೆ ಏಕೆ ಇಟ್ಟನೆಂಬುದು ವ್ಯಾಖ್ಯಾನವಿಲ್ಲದೆಯೇ ತಿಳಿದೀತು.