ನಾಯಿಯ ಕಲ್ಲಿನಲ್ಲಿ ಉಳಿದ ಮಹಾಯುದ್ಧ

ಮದ್ದೂರು ತಾಲ್ಲೂಕಿನ ಆತಕೂರು ಇತಿಹಾಸಕಾರರಿಗೆ ಗೊತ್ತಿರುವುದು ಒಂದು ಬೇಟೆನಾಯಿಯಿಂದ. ಕಾಳಿ ಎಂಬ ಆ ನಾಯಿ ಕಾಡುಹಂದಿಯೊಂದಿಗೆ ಕಾದಾಡಿತು, ಎರಡೂ ಸತ್ತವು. ಒಡೆಯ ಮಣಲೇರ ಚಲ್ಲೇಶ್ವರ ದೇಗುಲದ ಮುಂದೆ ಕಲ್ಲು ನೆಡಿಸಿ, ಭೂಮಿ ಬಿಟ್ಟ. ಕಲ್ಲಿಗೆ ಪೂಜೆ ಮಾಡದೆ ಉಂಡ ಗೊರವನಿಗೆ ಪಾಪ ತಟ್ಟುತ್ತದೆಂದೂ ಬರೆಸಿದ. ನಾಯಿಯೂ ಹಂದಿಯೂ ಮುಖಾಮುಖಿಯಾಗಿ ಕಾದುವ ಚಿತ್ರ ಅಕ್ಷರಗಳ ನಡುವೆಯೇ ಇದೆ.

ಅದೇ ಕಲ್ಲಿನಲ್ಲಿ ತಕ್ಕೋಲದ ಯುದ್ಧವೂ ಇದೆ. ರಾಷ್ಟ್ರಕೂಟ ಮೂರನೆಯ ಕೃಷ್ಣನ ಪರವಾಗಿ ಗಂಗರ ಇಮ್ಮಡಿ ಬೂತುಗ ಚೋಳ ರಾಜಾದಿತ್ಯನನ್ನು ಆನೆಯ ಮೇಲೆಯೇ ಕೊಂದದ್ದು, ಅದಕ್ಕೆ ಬನವಾಸಿ, ಬೆಳ್ವೊಲದಂಥ ನಾಡುಗಳನ್ನು ಬಹುಮಾನವಾಗಿ ಪಡೆದದ್ದು, ಎಲ್ಲ. ಬೂತುಗ ತನ್ನ ಕಡೆಯ ವೀರ ಮಣಲೇರನಿಗೆ ಮೆಚ್ಚಿ ‘ಏನು ಬೇಕೋ ಕೇಳು’ ಎಂದಾಗ ಅವನು ಕೇಳಿದ್ದು ಈ ನಾಯಿಯನ್ನೇ. ಶಾಸನದ ಕಾಲ ಶಕ 872, ಅಂದರೆ ಕ್ರಿ.ಶ. 949-50. ತಮಿಳುನಾಡಿನ ಅರಕ್ಕೋಣದ ಹತ್ತಿರ ನಡೆದ ಕಾಳಗದ ವರದಿ ಸಿಕ್ಕಿದ್ದು ನಮ್ಮ ಮದ್ದೂರಿನ ಹಳ್ಳಿಯಲ್ಲಿ! ಚೋಳರ ದಾಖಲೆಯಲ್ಲಿ ರಾಜಾದಿತ್ಯನನ್ನು ಕೊಂದ ಯಶಸ್ಸು ಕೃಷ್ಣನ ಬಾಣಕ್ಕೆ ಸಲ್ಲುತ್ತದೆ. ಇಬ್ಬರ ಮಾತನ್ನೂ ಕೇಳಿ ತೂಗುವುದು ಇತಿಹಾಸಕಾರರ ಪಾಡು.

ಇಂಥ ಕಲ್ಲುಗಳನ್ನು ಊರೂರು ಹುಡುಕಿಸಿದವರು ಬೆಂಗಳೂರಿನಲ್ಲೇ ಹುಟ್ಟಿದ ಬಿ.ಎಲ್. ರೈಸ್. ಅವರ ‘ಎಪಿಗ್ರಾಫಿಯ ಕರ್ನಾಟಿಕ’ದ ಮೂರನೆಯ ಸಂಪುಟ 1894ರಲ್ಲಿ ಬಂತು, ಅಲ್ಲಿ ಆತಕೂರು ‘ಮಂಡ್ಯ 41’. ಮಂಡ್ಯ ಆಗಿನ್ನೂ ಮೈಸೂರು ಜಿಲ್ಲೆಯ ತಾಲ್ಲೂಕು. ಮೈಸೂರು ವಿಶ್ವವಿದ್ಯಾನಿಲಯದ ಕನ್ನಡ ಅಧ್ಯಯನ ಸಂಸ್ಥೆ ಈ ಮಾಲೆಯನ್ನು ಪರಿಷ್ಕರಿಸಲು ಹೊರಟಾಗ ಮಂಡ್ಯ, ಮದ್ದೂರು, ಮಳವಳ್ಳಿಗಳ ಶಾಸನಗಳು 1979ರ ಏಳನೆಯ ಸಂಪುಟಕ್ಕೆ ಸೇರಿದವು.

ಶಾಸನದ ಪಡಿಯಚ್ಚು ತೆಗೆಯುವ ಕೆಲಸವೇನೋ ಕಲ್ಲಿನಷ್ಟೇ ಗಟ್ಟಿ. ಮೊದಲು ಎಣ್ಣೆ, ಕುಂಕುಮ, ಪಾಚಿ ತೊಳೆಯಬೇಕು. ಒದ್ದೆ ಕಾಗದ ಹಾಸಿ, ಅಕ್ಷರದ ತಗ್ಗಿಗೆ ಕೂರುವಂತೆ ಬ್ರಷ್ಷಿನಿಂದ ಬಡಿಯಬೇಕು. ಅರೆ ಒಣಗಿದಾಗ ಮಸಿಯುಂಡೆ ಒತ್ತಿದರೆ ಕಲ್ಲಿನ ಮೈ ಕಪ್ಪಾಗಿ, ಅಕ್ಷರ ಬೆಳ್ಳಗೆ ಏಳುತ್ತದೆ. ಗಾಳಿ ಬೀಸಿತೋ, ಕಾಗದ ಹರಿಯಿತು.

ಸಂಪುಟಗಳಲ್ಲಿ ನನಗೆ ಹೆಚ್ಚು ಹಿಡಿಸುವುದು ದೊರೆಗಳ ದಿಗ್ವಿಜಯವಲ್ಲ. ತುರುಗೋಳಿನ ಸಣ್ಣ ಶಾಸನಗಳು. ದನ ಹೊಡೆದುಕೊಂಡು ಹೋದವರನ್ನು ಅಟ್ಟಿಸಿಕೊಂಡು ಹೋಗಿ ಸತ್ತವನ ಹೆಸರು, ಊರು, ಮುಗಿಯಿತು. ಗಡಿನಾಡಿನ ಜನ ನಿಜವಾಗಿ ಕಂಡ ಯುದ್ಧ ಇದೇ ಇರಬೇಕು. ಆರ್. ಶೇಷಶಾಸ್ತ್ರಿಗಳು ವೀರಗಲ್ಲುಗಳನ್ನೇ ಅಧ್ಯಯನಕ್ಕೆ ಆರಿಸಿಕೊಂಡದ್ದು ದೊಡ್ಡ ಉಪಕಾರ.

ಈ ಸೀಮೆಯ ಇತ್ತೀಚಿನ ಕಾಳಗವೊಂದು ಅವಗಣನೆಗೆ ಗುರಿಯಾಗಿದೆ. 1799ರ ಮಾರ್ಚ್ 27ರಂದು ಮಳವಳ್ಳಿಯ ಬಳಿ ಟಿಪ್ಪು ಸುಲ್ತಾನ್ ಬ್ರಿಟಿಷ್ ಜನರಲ್ ಹ್ಯಾರಿಸನ ಸೇನೆಯನ್ನು ಎದುರಿಸಿ ಹಿಮ್ಮೆಟ್ಟಬೇಕಾಯಿತು. ಮುಂದೆ ವಾಟರ್ಲೂ ಗೆದ್ದ ಆರ್ಥರ್ ವೆಲ್ಲೆಸ್ಲಿಯೂ ಅಂದು ಅಲ್ಲಿದ್ದ. ಹ್ಯಾರಿಸ್ ಶ್ರೀರಂಗಪಟ್ಟಣಕ್ಕೆ ನೇರ ದಾರಿ ಹಿಡಿಯುತ್ತಾನೆಂದು ಟಿಪ್ಪು ಎಣಿಸಿದ್ದ. ಹ್ಯಾರಿಸ್ ದಕ್ಷಿಣಕ್ಕೆ ಹೊರಳಿ ಸೋಸಲೆಯಲ್ಲಿ ಕಾವೇರಿ ದಾಟಿಬಿಟ್ಟ. ಮೇ 4ರಂದು ಶ್ರೀರಂಗಪಟ್ಟಣ ಬಿತ್ತು. ಆ ಕೋಟೆಗೆ ಬಸ್ಸುಗಟ್ಟಲೆ ಜನ ಹೋಗುತ್ತಾರೆ. ಮಳವಳ್ಳಿಯ ಬಯಲನ್ನು ಕೇಳುವವರು ಕಡಿಮೆ. ಆತಕೂರಿನ ಕಲ್ಲು ನೋಡಬೇಕೆಂದರೂ ಆತಕೂರಿಗೆ ಹೋಗುವ ಹಾಗಿಲ್ಲ. ಅದು ಬೆಂಗಳೂರಿನ ಕಸ್ತೂರಬಾ ರಸ್ತೆಯ ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿದೆ.