ಕೊಬ್ಬಲ್ಲ, ದೃಷ್ಟಿಯಲ್ಲ: ಅನ್ನ ಬಿಡಿಸುವ ರೋಗ

"ಯಾಕೋ ಊಟ ಸೇರ್ತಿಲ್ಲಮ್ಮಾ" ಅಂತ ಮಗಳು ತಟ್ಟೆ ಸರಿಸುತ್ತಾಳೆ. ಮೊದಲು ಅನ್ನ ಬಿಟ್ಟಳು. ಆಮೇಲೆ ಎಣ್ಣೆ ಪದಾರ್ಥ ಬಿಟ್ಟಳು. ಈಗ ರಾತ್ರಿ ಊಟವೇ ಇಲ್ಲ. ಟಿಫನ್ ಡಬ್ಬಿ ಖಾಲಿಯಾಗಿ ವಾಪಸ್ ಬರುತ್ತದೆ, ತಿಂದವರು ಮಾತ್ರ ಗೆಳತಿಯರು! ಬಸ್ ಸ್ಟ್ಯಾಂಡಿನ ತೂಕದ ಯಂತ್ರ ಕಂಡರೆ ಕಾಲು ಅತ್ತ ಎಳೆಯುತ್ತದೆ. ಕೆನ್ನೆ ಗುಳಿ ಬಿದ್ದಿದೆ, ಮುಟ್ಟು ನಿಂತಿದೆ, ಬಿಸಿಲಲ್ಲೂ ಚಳಿ. ಆದರೂ ಕನ್ನಡಿ ಮುಂದೆ ನಿಂತು "ಇನ್ನೂ ದಪ್ಪ ಇದೀನಿ" ಅನ್ನುತ್ತಾಳೆ.

ಮನೆಯವರು ಏನಂತಾರೆ? "ಕೊಬ್ಬು" ಅಂತಾರೆ ಅಪ್ಪ. "ದೃಷ್ಟಿ ತಾಗಿದೆ" ಅಂತ ಅಜ್ಜಿ ಮೆಣಸಿನಕಾಯಿ ನೀವಾಳಿಸುತ್ತಾರೆ. "ಮದುವೆ ಮಾಡಿ, ಸರಿಹೋಗ್ತಾಳೆ" ಅನ್ನೋದು ಪಕ್ಕದ ಮನೆಯವರ ಸಲಹೆ. ಮೂರೂ ತಪ್ಪು.

ಇದು ರೋಗ. ಹೆಸರು ಅನೊರೆಕ್ಸಿಯಾ ನರ್ವೋಸಾ. ಹುಡುಗಿಯರಲ್ಲಿ ಹೆಚ್ಚು, ಹುಡುಗರನ್ನೂ ಬಿಡುವುದಿಲ್ಲ. ಮಾನಸಿಕ ರೋಗಗಳ ಪೈಕಿ ಅತಿ ಹೆಚ್ಚು ಜೀವ ತೆಗೆಯುವವುಗಳಲ್ಲಿ ಇದೂ ಒಂದು. ಲೋಕವೆಲ್ಲ ಮೆಚ್ಚಿದ ಅಮೆರಿಕದ ಗಾಯಕಿ ಕರೆನ್ ಕಾರ್ಪೆಂಟರ್ ಈ ರೋಗದಿಂದ ಬಳಲಿ 1983ರ ಫೆಬ್ರವರಿಯಲ್ಲಿ ತೀರಿಕೊಂಡಾಗ ಆಕೆಗೆ ಬರೀ 32 ವರ್ಷ. ದುಡ್ಡಿತ್ತು, ಹೆಸರಿತ್ತು, ಹೃದಯಕ್ಕೆ ಶಕ್ತಿ ಇರಲಿಲ್ಲ.

ಹೆತ್ತವರನ್ನು ಹೊರಗೆ ಹಾಕಿ!

ಈ ರೋಗಕ್ಕೆ ಹೆಸರಿಟ್ಟವರು ಲಂಡನ್ನಿನ ವೈದ್ಯ ಸರ್ ವಿಲಿಯಂ ಗಲ್, 1873ರಲ್ಲಿ. ಅದೇ ವರ್ಷ ಪ್ಯಾರಿಸ್ಸಿನ ಡಾಕ್ಟರ್ ಲಾಸೆಗ್ ಕೂಡ ಇದರ ಬಗ್ಗೆ ಬರೆದರು. ಗಲ್ ಹೇಳಿದ ಚಿಕಿತ್ಸೆ ಸರಳ: ಹೊತ್ತು ಹೊತ್ತಿಗೆ ಊಟ ಕೊಡಿ, ರೋಗಿಯ ಇಷ್ಟ ಕೇಳಬೇಡಿ. ಇಲ್ಲಿಯವರೆಗೆ ಸರಿ. ಆದರೆ ಇನ್ನೊಂದು ಮಾತನ್ನೂ ಸೇರಿಸಿದರು: ಇಂಥ ರೋಗಿಯನ್ನು ನೋಡಿಕೊಳ್ಳಲು ನೆಂಟರು, ಸ್ನೇಹಿತರಷ್ಟು ಕೆಟ್ಟವರು ಬೇರೆ ಇಲ್ಲ! ಅಷ್ಟು ಸಾಕಾಯಿತು. ಎಷ್ಟೋ ಆಸ್ಪತ್ರೆಗಳಲ್ಲಿ ತಾಯಿ ತಂದೆಯನ್ನು ಬಾಗಿಲ ಹೊರಗೆ ನಿಲ್ಲಿಸುವುದೇ ಪದ್ಧತಿಯಾಯಿತು. ತಪ್ಪೆಲ್ಲ ತಾಯಿಯದೇ ಅಂತ ಹೇಳಿದವರೂ ಇದ್ದರು.

ಚಕ್ರ ತಿರುಗಿದ್ದೂ ಅದೇ ಲಂಡನ್ನಿನಲ್ಲಿ. ಅಲ್ಲಿನ ಮಾಡ್ಸ್ಲಿ ಆಸ್ಪತ್ರೆಯ ವೈದ್ಯರು ತೂಕ ಏರಿಸಿ ಮನೆಗೆ ಕಳಿಸಿದ 80 ರೋಗಿಗಳನ್ನು ಎರಡು ಪಾಲು ಮಾಡಿದರು. ಒಂದು ಪಾಲಿಗೆ ಒಬ್ಬೊಬ್ಬರನ್ನೇ ಕೂರಿಸಿ ಮಾತಿನ ಚಿಕಿತ್ಸೆ, ಇನ್ನೊಂದಕ್ಕೆ ಮನೆಮಂದಿಯ ಜೊತೆ. 1987ರಲ್ಲಿ ಫಲ ಪ್ರಕಟವಾಯಿತು. ರೋಗ ಚಿಕ್ಕ ವಯಸ್ಸಿಗೇ ಶುರುವಾಗಿ ಮೂರು ವರ್ಷ ದಾಟದಿದ್ದ ಮಕ್ಕಳಲ್ಲಿ ಮನೆಮಂದಿ ಜೊತೆಗಿದ್ದವರೇ ಚೇತರಿಕೆಯಲ್ಲಿ ಮುಂದು! ಹೊರಗೆ ಹಾಕಿದ್ದ ಅಪ್ಪ ಅಮ್ಮನೇ ಔಷಧಿ ಆದರು.

ಚಿಕಿತ್ಸೆ ಹೇಗೆ?

ಡಾಕ್ಟರ್ ಮೊದಲು ಹೇಳುವ ಮಾತು: "ಇದು ಮಗುವಿನ ತಪ್ಪಲ್ಲ, ನಿಮ್ಮ ತಪ್ಪೂ ಅಲ್ಲ. ರೋಗ ಬೇರೆ, ಮಗಳು ಬೇರೆ." ಆಮೇಲೆ ಕೆಲಸ ಶುರು. ಏನು, ಎಷ್ಟು, ಯಾವಾಗ ತಿನ್ನಬೇಕು ಅನ್ನುವುದನ್ನು ಸ್ವಲ್ಪ ಕಾಲ ಅಪ್ಪ ಅಮ್ಮನೇ ತೀರ್ಮಾನ ಮಾಡಬೇಕು. ಇಬ್ಬರದೂ ಒಂದೇ ಮಾತಾಗಿರಬೇಕು. ಅಮ್ಮ ಬಡಿಸುವುದು, ಅಪ್ಪ "ಹೋಗಲಿ ಬಿಡು" ಅನ್ನುವುದು ನಡೆಯುವುದಿಲ್ಲ. ಮೂರು ಹೊತ್ತೂ ಪಕ್ಕದಲ್ಲಿ ಕೂರಬೇಕು. ಬೈಗುಳ ಇಲ್ಲ, ಬಾಯಿಗೆ ತುರುಕುವುದಿಲ್ಲ, ಸೋತು ಎದ್ದು ಹೋಗುವುದೂ ಇಲ್ಲ. ಅಣ್ಣ ತಂಗಿಯರು ತಿನ್ನಿಸುವ ಕೆಲಸಕ್ಕೆ ಕೈ ಹಾಕಬಾರದು, ಜೊತೆಗಾರರಾಗಿ ಇದ್ದರೆ ಸಾಕು. ತೂಕ ಏರಿದ ಮೇಲೆ ಊಟದ ಯಜಮಾನಿಕೆಯನ್ನು ಮೆಲ್ಲಗೆ ಮಗಳಿಗೇ ಬಿಟ್ಟುಕೊಡುವುದು. ಆಮೇಲೆ ಓದು, ಗೆಳೆತನ, ಮುಂದಿನ ಬದುಕಿನ ಮಾತು. ಇದಕ್ಕೆ ಆರು ತಿಂಗಳು, ವರ್ಷ ಹಿಡಿಯುತ್ತದೆ.

ಮನಸ್ಸು ಸರಿಯಾದ ಮೇಲೆ ಊಟ ಮಾಡಲಿ ಬಿಡಿ ಅಂದರೆ? ಆಗದು. 1944-45ರಲ್ಲಿ ಅಮೆರಿಕದ ಮಿನೆಸೋಟದಲ್ಲಿ ಆರೋಗ್ಯವಂತರಾದ 36 ಮಂದಿ ಯುವಕರನ್ನು, ಅವರ ಒಪ್ಪಿಗೆ ಪಡೆದು, ಆರು ತಿಂಗಳು ಅರೆಹೊಟ್ಟೆಯಲ್ಲಿ ಇಟ್ಟರು. ಹಗಲು ರಾತ್ರಿ ಊಟದ್ದೇ ಧ್ಯಾನ, ಸಿಡುಕು, ಮಂಕು! ಕೆಲವರು ಅಡುಗೆ ಪುಸ್ತಕ ಕೂಡಿಡತೊಡಗಿದರು. ಹಸಿವೇ ತಲೆ ಕೆಡಿಸುತ್ತದೆ. ಆದ್ದರಿಂದ ಮೊದಲು ಅನ್ನ, ಆಮೇಲೆ ಮಾತು. ಇದನ್ನು ವಾಸಿಮಾಡುವ ಮಾತ್ರೆ ಇನ್ನೂ ಬಂದಿಲ್ಲ. ವಯಸ್ಸಿಗೆ ಬಂದ ರೋಗಿಗಳಿಗೆ ಒಬ್ಬರನ್ನೇ ಕೂರಿಸಿ ನೀಡುವ ಮಾತಿನ ಚಿಕಿತ್ಸೆ ಉಂಟು, ಊಟ ಮಾತ್ರ ಅಲ್ಲಿಯೂ ತಪ್ಪಿದ್ದಲ್ಲ.

ಎಚ್ಚರಿಕೆ!

ತೀರಾ ಸೊರಗಿದವರಿಗೆ ಒಮ್ಮೆಲೇ ಹೊಟ್ಟೆ ಬಿರಿಯ ಬಡಿಸಬಾರದು. ರಕ್ತದಲ್ಲಿನ ಲವಣಾಂಶ ದಿಢೀರ್ ಕುಸಿದು ಹೃದಯ ನಿಲ್ಲಬಹುದು. ತಲೆಸುತ್ತಿ ಬೀಳುವುದು, ನಾಡಿ ನಿಧಾನವಾಗುವುದು, ಕೈಕಾಲು ತಣ್ಣಗಾಗುವುದು ಕಂಡರೆ ನೇರ ಆಸ್ಪತ್ರೆಗೆ ನಡೆಯಿರಿ. ಅಲ್ಲಿ ರಕ್ತ ಪರೀಕ್ಷೆ ಮಾಡುತ್ತಾ ಊಟ ಏರಿಸುತ್ತಾರೆ.

ಇದು ಬಿಳಿಯರ ಕಾಯಿಲೆ, ನಮಗ್ಯಾಕೆ ಅಂತೀರಾ? ದಿಲ್ಲಿಯ ವೈದ್ಯರು 1995ರಲ್ಲೇ ಇಂಥ ಐವರು ಯುವತಿಯರ ಬಗ್ಗೆ ಬರೆದಿದ್ದಾರೆ. ನಮ್ಮ ಕಡೆ ಎಲ್ಲರೂ "ದಪ್ಪ ಆಗ್ತೀನಿ" ಅನ್ನುವುದಿಲ್ಲ, "ಹೊಟ್ಟೆ ಉಬ್ಬರ, ಸೇರೋದಿಲ್ಲ" ಅಂತ ಮಾತ್ರ ಅಂದಾರು. ಹಾಗಾಗಿ ಹೊಟ್ಟೆ ಡಾಕ್ಟರ್ ಹತ್ತಿರ ಅಲೆದಾಡಿಯೇ ಕಾಲ ಕಳೆದುಹೋಗುತ್ತದೆ.

ಬೆಂಗಳೂರಿನ ನಿಮ್ಹಾನ್ಸ್ ಇದೆ. ದೂರವಾಯಿತು ಅನ್ನುವವರಿಗೆ ಜಿಲ್ಲಾ ಆಸ್ಪತ್ರೆಯ ಮನೋವೈದ್ಯರಿದ್ದಾರೆ. ದೇಶದ ಜಿಲ್ಲಾ ಮಾನಸಿಕ ಆರೋಗ್ಯ ಕಾರ್ಯಕ್ರಮಕ್ಕೆ 1980ರ ದಶಕದಲ್ಲಿ ಮಾದರಿ ಹಾಕಿಕೊಟ್ಟದ್ದೇ ನಮ್ಮ ಬಳ್ಳಾರಿ. ಹೋಗುವುದಕ್ಕೆ ಸಂಕೋಚವಾದರೆ 14416ಕ್ಕೆ ಫೋನ್ ಮಾಡಿ. 2022ರಲ್ಲಿ ಶುರುವಾದ ಟೆಲಿ ಮಾನಸ್ ಇದು, ಬಿಟ್ಟಿ, ಕನ್ನಡದಲ್ಲೇ ಮಾತಾಡಬಹುದು.

ಇವತ್ತು ಅಂಗಡಿ ಬಾಗಿಲು ಹಾಕಿ ಮನೆಗೆ ಹೋದಾಗ ಮಗಳ ತಟ್ಟೆ ಕಡೆ ಒಮ್ಮೆ ನೋಡಿ. ಬೈಯಬೇಡಿ. ಪಕ್ಕದಲ್ಲಿ ಕೂತು ಜೊತೆಗೆ ಊಟ ಮಾಡಿ. ಚಿಕಿತ್ಸೆ ಅಲ್ಲಿಂದಲೇ ಶುರು.